ಮೇಲಿಂದ ಸವೆದ ಶೂ: ಬೆಳಗಾವಿಯ ಸ್ಕೇಟ್‌ಬೋರ್ಡ್ ಆಟಗಾರನೊಬ್ಬ ವಿನ್ಯಾಸಕ್ಕೆ ಇಳಿದ ಪ್ರಕರಣ

2023ರ ಜೂನ್. ಬೆಳಗಾವಿಯಲ್ಲಿ ಮಳೆ ಹಿಡಿದಿತ್ತು. ಟಿಳಕವಾಡಿಯ ನನ್ನ ಕೋಣೆಗೆ ಒಬ್ಬ ಹುಡುಗ ಗೋಣಿಚೀಲ ಹೊತ್ತುಕೊಂಡು ಬಂದು ನೆಲದ ಮೇಲೆ ಸುರಿದ. ಎಲ್ಲಾ ಹರಿದ ಶೂಗಳು. ಎಣಿಸಿದೆ, 31 ಇದ್ದವು. ಜೋಡಿಗಳಲ್ಲ, ಬಿಡಿ ಶೂಗಳು. ಅದರಲ್ಲಿ 26 ಎಡಗಾಲಿನವು.

"ಬರೇ ಎಡಗಾಲಿನವು ಯಾಕ ತಂದೀಪಾ?" ಎಂದು ಕೇಳಿದೆ.

"ಎಡಗಾಲಿಂದ ಹರೀತಾವ್ರಿ ಕಾಕಾ. ಬಲಗಾಲಿಂದು ಹೊಸಾದು ಇದ್ದಂಗ ಇರ್ತೈತಿ."

ನಾನು ಶೂ ಪ್ಯಾಟರ್ನ್, ಅಂದರೆ ಶೂವಿನ ತುಂಡುಗಳ ಅಳತೆಯ ನಕ್ಷೆ, ಕತ್ತರಿಸುವವನು. ನಮ್ಮದು ಅಥಣಿ ತಾಲೂಕಿನ ಚಪ್ಪಲಿ ಮನೆತನ. ತಮಿಳುನಾಡಿನ ಆಂಬೂರಿನ ಶೂ ಕಾರ್ಖಾನೆಗಳಲ್ಲಿ ಹನ್ನೊಂದು ವರ್ಷ ಕೆಲಸ ಕಲಿತು ಊರ ಕಡೆ ಬಂದೆ. ಈ ಹುಡುಗನ ಕೆಲಸದಲ್ಲಿ ಮೊದಲ ದಿನದಿಂದಲೂ ಜೊತೆಗಿದ್ದೇನೆ. ಈಗ ಬೇರೆ ಹುಡುಗರು ಬಂದು "ಬ್ರ್ಯಾಂಡ್ ಹೆಂಗ ಮಾಡೂದ್ರಿ?" ಎಂದು ಕೇಳುತ್ತಾರೆ. ಅವರಿಗೆ ಲೋಗೋ ಬೇಕು, ಹೆಸರು ಬೇಕು. ಅದಕ್ಕೇ ಈ ಪ್ರಕರಣವನ್ನು ಸೋತದ್ದು ಗೆದ್ದದ್ದು ಸೇರಿಸಿ ಬರೆಯುತ್ತಿದ್ದೇನೆ. ಹುಡುಗನ ಹೆಸರು ಬೇಡ ಎಂದು ಅವನೇ ಹೇಳಿದ್ದಾನೆ.

ಅವನ ಹಿನ್ನೆಲೆ ಚಿಕ್ಕದಾಗಿ ಹೇಳುತ್ತೇನೆ. ಅಪ್ಪ ವಡಗಾವಿಯಲ್ಲಿ ಮಗ್ಗದ ಕೆಲಸ. ಬೆಳಗಾವಿಯಲ್ಲಿ ಗಾಲಿ ಸ್ಕೇಟಿಂಗ್ ಕಲಿಯುವ ಮಕ್ಕಳು ಬಹಳ, ಇವನೂ ಎಂಟನೇ ವಯಸ್ಸಿಗೆ ರಿಂಕಿಗೆ ಹೋದ. ಹದಿನೈದಕ್ಕೆ ಸ್ಕೇಟ್‌ಬೋರ್ಡ್ ಹತ್ತಿದ. ಬೆಂಗಳೂರಿಗೆ ಹೋಗಿ ಮೂರ್ನಾಲ್ಕು ವರ್ಷ ಇದರಲ್ಲೇ ಹೊಟ್ಟೆ ಹೊರೆದ. ಮಕ್ಕಳಿಗೆ ಕಲಿಸಿದ, ಜಾಹೀರಾತುಗಳಲ್ಲಿ ಹಾರಿದ, ಸ್ಪರ್ಧೆಗಳಲ್ಲಿ ಅಷ್ಟಿಷ್ಟು ಗೆದ್ದ. ಟೋಕಿಯೊ ಒಲಿಂಪಿಕ್ಸ್‌ನಲ್ಲಿ, ಅಂದರೆ 2021ರಲ್ಲಿ, ಸ್ಕೇಟ್‌ಬೋರ್ಡಿಂಗ್ ಮೊದಲ ಸಲ ಬಂತಲ್ಲ, ಆಗ ಇವರಿಗೆಲ್ಲ ಒಂದು ಹುರುಪು ಬಂದಿತ್ತು. ಮುಂದಿನ ವರ್ಷ ಕಾಲಿನ ಹರಡು ಮುರಿಯಿತು. ಆರು ತಿಂಗಳು ಮನೆ. ಆಗ ಕೈಗೆ ಕೆಲಸ ಬೇಕಾಯಿತು.

ಮೊದಲು ಮಾಡಿದ್ದು ಟಿ-ಶರ್ಟ್. ಖಾಲಿ ಟಿ-ಶರ್ಟ್ ತರಿಸಿ, ಎದೆಯ ಮೇಲೆ ಕನ್ನಡ ಅಕ್ಷರದಲ್ಲಿ ಊರಿನ ಹೆಸರು, ಬೆನ್ನಿಗೆ ಕೋಟೆಯ ಚಿತ್ರ ಅಚ್ಚು ಹಾಕಿಸಿದ. 200 ಮಾಡಿಸಿದ. ಮೊದಲ 70 ಗೆಳೆಯರೇ ಕೊಂಡರು. ಆಮೇಲೆ ನಿಂತೇ ಹೋಯಿತು. ಗಣಪತಿ ಗಲ್ಲಿಯಲ್ಲಿ ಅಂಥದ್ದೇ ಟಿ-ಶರ್ಟ್ ಅರ್ಧ ಬೆಲೆಗೆ ಸಿಗುತ್ತಿತ್ತು. ಅವರದ್ದು ಕಳಪೆ, ಇವನದ್ದು ಒಳ್ಳೆಯದು, ನಿಜ. ಆದರೆ ಇವನ ಅಂಗಿಯಲ್ಲಿ ಇವನಿಗೆ ಮಾತ್ರ ಗೊತ್ತಿರುವುದು ಏನಿತ್ತು? ಏನೂ ಇರಲಿಲ್ಲ. ಈ ಮಾತನ್ನು ನಾನು ಅವತ್ತೇ ಹೇಳಿದೆ. ಅವನು ಒಂದು ವಾರ ಬರಲಿಲ್ಲ. ಬಂದಾಗ ತಂದದ್ದು ಆ ಗೋಣಿಚೀಲ.

ಈಗ ಆ ಶೂಗಳ ವಿಷಯಕ್ಕೆ ಬರೋಣ. ಇಲ್ಲಿ ಸ್ವಲ್ಪ ನಿಧಾನವಾಗಿ ಹೇಳಬೇಕು.

ಸ್ಕೇಟ್‌ಬೋರ್ಡಿನ ಹಲಗೆಯ ಮೇಲೆ ಗ್ರಿಪ್ ಟೇಪ್ ಅಂಟಿಸಿರುತ್ತಾರೆ. ಮುಟ್ಟಿದರೆ ಬಡಗಿಯ ಉಪ್ಪುಕಾಗದದ ಹಾಗೆ ಗರಗರ. ಕಾಲು ಜಾರದಿರಲಿ ಅಂತ. ಹಲಗೆಯನ್ನು ಕೈಯಲ್ಲಿ ಹಿಡಿಯದೆ ಕಾಲಿನಿಂದಲೇ ಗಾಳಿಗೆ ಎತ್ತುವ ಪಟ್ಟು ಒಂದಿದೆ, ಆಲಿ ಅನ್ನುತ್ತಾರೆ. 1970ರ ದಶಕದ ಕೊನೆಯಲ್ಲಿ ಅಮೆರಿಕದ ಫ್ಲಾರಿಡಾದ ಅಲನ್ ಗೆಲ್ಫಾಂಡ್ ಎಂಬ ಹುಡುಗ ಅದನ್ನು ಇಳಿಜಾರು ಗುಂಡಿಗಳಲ್ಲಿ ಶುರು ಮಾಡಿದ. 1980ರ ದಶಕದ ಆರಂಭದಲ್ಲಿ ರಾಡ್ನಿ ಮಲೆನ್ ಎಂಬ ಇನ್ನೊಬ್ಬ ಆಟಗಾರ ಸಮನೆಲದ ಮೇಲೆ ಮಾಡಿ ತೋರಿಸಿದ. ಬೀದಿಯಲ್ಲಿ ಆಡುವ ಸ್ಕೇಟ್‌ಬೋರ್ಡ್ ಬಹುಪಾಲು ಇದರ ಮೇಲೇ ನಿಂತಿದೆ. ಹಿಂಗಾಲಿನಿಂದ ಹಲಗೆಯ ಬಾಲ ಒದೆಯಬೇಕು. ಮುಂಗಾಲಿನ ಹೊರ ಅಂಚನ್ನು ಆ ಗರಗರ ಕಾಗದದ ಮೇಲೆ ಉಜ್ಜುತ್ತಾ ಮುಂದಕ್ಕೆ ಎಳೆಯಬೇಕು. ದಿನಕ್ಕೆ ನೂರಾರು ಸಲ. ಎಡಗಾಲು ಮುಂದಿಟ್ಟು ನಿಲ್ಲುವವರನ್ನು ರೆಗ್ಯುಲರ್ ಅನ್ನುತ್ತಾರೆ, ಬಲಗಾಲು ಮುಂದಿಡುವವರನ್ನು ಗೂಫಿ. ಇವನು ರೆಗ್ಯುಲರ್, ಇವನ ಗೆಳೆಯರಲ್ಲೂ ಹೆಚ್ಚಿನವರು ಅದೇ. ಚೀಲದಲ್ಲಿ ಎಡಗಾಲಿನವೇ ಜಾಸ್ತಿ ಇದ್ದದ್ದು ಅದಕ್ಕೆ.

ಆ ವಾರ ಚೀಲವನ್ನು ಅಥಣಿಗೆ ಒಯ್ದೆವು. ನಮ್ಮ ಸೋದರಮಾವ ಎಪ್ಪತ್ತು ದಾಟಿದವರು, ಇವತ್ತಿಗೂ ಚಪ್ಪಲಿ ಮಾಡುತ್ತಾರೆ. ಒಂದು ಶೂ ಎತ್ತಿ ತಿರುಗಿಸಿ ನೋಡಿದರು. ಇನ್ನೊಂದು ಎತ್ತಿದರು. ಆಮೇಲೆ ಹೇಳಿದರು, "ಅಲ್ಲೋ, ಇದರ ತಳ ಹಂಗ ಐತಿ. ಮ್ಯಾಲ ಸವದೈತಲ್ಲೋ!"

ಐವತ್ತು ವರ್ಷದ ಅವರ ಅನುಭವದಲ್ಲಿ ಚಪ್ಪಲಿ ಸವೆಯುವುದು ಕೆಳಗಿನಿಂದ. ಎಮ್ಮೆ ತೊಗಲಿನ ದಪ್ಪ ಅಟ್ಟೆ ಹಾಕುವುದು ಅದಕ್ಕೇ. ಇಲ್ಲಿ ನೋಡಿದರೆ ಅಟ್ಟೆ ಗಟ್ಟಿಯಿದೆ, ಕಿರುಬೆರಳಿನ ಪಕ್ಕದ ಮೇಲ್ಭಾಗಕ್ಕೆ ಕಿಟಕಿ ಬಿದ್ದಿದೆ. ಅತ್ತೆಯವರು ಇನ್ನೊಂದು ನೋಡಿದರು. ನಮ್ಮಲ್ಲಿ ಅಟ್ಟೆ ಕೊಯ್ಯುವುದು ಗಂಡಸರು, ಹೊಲಿಗೆ, ಹೆಣಿಗೆ ಹೆಂಗಸರ ಕೈಯಲ್ಲಿ. "ತೊಗಲು ಹರಿಯೂಕಿಂತ ಮೊದಲ ದಾರ ಹರದೈತಿ ನೋಡ್ರಿ. ದಾರ ಹೋದ ಮ್ಯಾಲ ತುಂಡು ಎದ್ದೈತಿ. ಅಲ್ಲಿ ಹೊಲಿಗಿ ಯಾಕ ಹಾಕಬೇಕು?" ಎಂದರು. 31 ಶೂಗಳನ್ನೂ ಸಾಲಾಗಿ ಇಟ್ಟು ನೋಡಿದೆವು. 22ರಲ್ಲಿ ಹರಕು ಶುರುವಾಗಿದ್ದು ಹೊಲಿಗೆಯಿಂದಲೇ. ಐದರಲ್ಲಿ ಲೇಸು ಹಾಯುವ ತೂತಿನ ಹತ್ತಿರ. ಉಳಿದವು ಬರೀ ಕ್ಯಾನ್ವಾಸ್, ಅವು ಎಲ್ಲಿ ಬೇಕಾದರೂ ಹರಿಯುತ್ತವೆ.

ನನ್ನ ಮಟ್ಟಿಗೆ ವಿನ್ಯಾಸದ ಕೆಲಸ ಅಲ್ಲೇ ಮುಗಿದಿತ್ತು. ಬಾಕಿ ಎರಡು ವರ್ಷ ಮಾಡಿದ್ದೆಲ್ಲ ಅದನ್ನು ಮಾಡಿ ತೋರಿಸುವ ಪರದಾಟ.

ಇದು ಇವನೊಬ್ಬನ ಹಾದಿಯಲ್ಲ. ರಾತ್ರಿ ಬಸ್ಸಿನಲ್ಲಿ ವಾಪಸ್ ಬರುವಾಗ ಅವನು ನನಗೆ ಹಳೆಯ ಆಟಗಾರರ ಕಥೆ ಹೇಳಿದ. 1966ರಲ್ಲಿ ಕ್ಯಾಲಿಫೋರ್ನಿಯಾದ ಅನಾಹೈಮ್‌ನಲ್ಲಿ ಶುರುವಾದ ವ್ಯಾನ್ಸ್ ಶೂವನ್ನು ಸ್ಕೇಟ್‌ಬೋರ್ಡ್ ಹುಡುಗರು ಮೆಚ್ಚಿಕೊಂಡರು. 1976ರಲ್ಲಿ ಟೋನಿ ಆಲ್ವಾ, ಸ್ಟೇಸಿ ಪೆರಾಲ್ಟಾ ಎಂಬ ಇಬ್ಬರು ಆಟಗಾರರು ಕೂತು, ಹರಡಿನ ಸುತ್ತ ಮೆತ್ತೆ ಇರುವ ಹೊಸ ಶೂ ರೂಪಿಸಲು ನೆರವಾದರು. ಸ್ಟೀವ್ ಕಬಾಯೆರೋ ಎಂಬ ಆಟಗಾರನ ಕಥೆ ನನಗೆ ಬಹಳ ಹಿಡಿಸಿತು. 1989ರಲ್ಲಿ ವ್ಯಾನ್ಸ್‌ನಿಂದ ಅವನ ಹೆಸರಿನ ಎತ್ತರದ ಶೂ ಬಂತು. ಹುಡುಗರು ಅದನ್ನು ಕೊಂಡು, ಹರಡಿನ ಮೇಲಿನ ಭಾಗ ಕತ್ತರಿಯಿಂದ ಕತ್ತರಿಸಿ ಗಿಡ್ಡ ಮಾಡಿಕೊಂಡು ಆಡುತ್ತಿದ್ದರು. ಕಂಪನಿ ಅದನ್ನು ಕಂಡು 1992ರಲ್ಲಿ ಗಿಡ್ಡ ಶೂವನ್ನೇ ತಂದಿತು. ಹಾಫ್ ಕ್ಯಾಬ್ ಅಂತ ಅದರ ಹೆಸರು, ಇವತ್ತಿಗೂ ಮಾರುತ್ತಿದ್ದಾರೆ. ಕತ್ತರಿ ಹಿಡಿದ ಹುಡುಗರೇ ಅಲ್ಲಿ ವಿನ್ಯಾಸಕರು, ಅಲ್ವಾ?

ಇನ್ನೊಬ್ಬ ಫ್ರಾನ್ಸಿನ ಪಿಯೇರ್ ಆಂದ್ರೆ ಸೆನಿಜೆರ್ಗ್. ಆಟಗಾರನಾಗಿದ್ದವನು ಬೆನ್ನಿನ ನೋವಿನಿಂದ ಆಟ ಬಿಟ್ಟು ಎಟ್ನೀಸ್ ಎಂಬ ಶೂ ಬ್ರ್ಯಾಂಡಿನ ಕೆಲಸ ಹಿಡಿದ. 1996ರಲ್ಲಿ ಸೋಲ್ ಟೆಕ್ನಾಲಜಿ ಕಂಪನಿ ಕಟ್ಟಿದ. ಆಟಗಾರ ಹಾರಿ ನೆಲಕ್ಕೆ ಇಳಿದಾಗ ಕಾಲಿಗೆ ಎಷ್ಟು ಏಟು ಬೀಳುತ್ತದೆ ಎಂದು ಅಳೆಯುವ ಪ್ರಯೋಗಾಲಯವನ್ನೇ ಮಾಡಿದ. ಹರಡು ಮುರಿದುಕೊಂಡ ನಮ್ಮ ಹುಡುಗನಿಗೆ ಇವನ ಮೇಲೆ ತುಂಬ ಅಭಿಮಾನ. ಕೀತ್ ಹಫ್ನಾಗೆಲ್ ಎಂಬ ನ್ಯೂಯಾರ್ಕ್ ಆಟಗಾರ 2002ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಹಫ್ ಎಂಬ ಸಣ್ಣ ಅಂಗಡಿ ತೆರೆದ. ಮೊದಲು ಬೇರೆಯವರ ಶೂ, ಬಟ್ಟೆ ಮಾರಿದ. ಏನು ಹೋಗುತ್ತದೆ, ಏನು ಉಳಿಯುತ್ತದೆ ಎಂದು ನೋಡಿಕೊಂಡು ತನ್ನ ಬಟ್ಟೆ ತಂದ, ಆಮೇಲೆ ಶೂ ತಂದ. 2020ರಲ್ಲಿ 46ನೇ ವಯಸ್ಸಿಗೆ ಕ್ಯಾನ್ಸರ್‌ನಿಂದ ತೀರಿಕೊಂಡ.

ಅವರಿಗೆ ಕಾರ್ಖಾನೆ ಇತ್ತು, ದುಡ್ಡು ಹಾಕುವವರಿದ್ದರು. ನಮಗೆ ಇದ್ದದ್ದು ಅಥಣಿಯ ಪಡಸಾಲೆ.

ಸ್ಕೇಟ್ ಶೂ ಮಾಡುವ ದಾರಿ ಎರಡು. ಒಂದು, ಬಟ್ಟೆ ಅಥವಾ ತೊಗಲಿನ ಮೇಲ್ಭಾಗಕ್ಕೆ ಹಸಿ ರಬ್ಬರಿನ ಪಟ್ಟಿ ಸುತ್ತಿ, ಒತ್ತಡದ ಒಲೆಯಲ್ಲಿ ಬೇಯಿಸುವುದು. ತಳ ತೆಳ್ಳಗಿರುತ್ತದೆ, ಹಲಗೆ ಕಾಲಿಗೆ ಚೆನ್ನಾಗಿ ಗೊತ್ತಾಗುತ್ತದೆ. ಅಷ್ಟು ದೊಡ್ಡ ಒಲೆ ನಮಗೆಲ್ಲಿ ಬರಬೇಕು. ಎರಡನೆಯದು ಕಪ್ ಸೋಲ್. ಬಟ್ಟಲಿನ ಹಾಗೆ ಅಚ್ಚಿನಲ್ಲಿ ಎರೆದ ಸೋಲ್, ಅದರೊಳಗೆ ಮೇಲ್ಭಾಗ ಕೂರಿಸಿ ಅಂಟಿಸಿ, ಅಂಚಿಗೆ ಸುತ್ತ ಹೊಲಿಗೆ. ಸ್ವಲ್ಪ ಬಿರುಸು, ಆದರೆ ಬಾಳಿಕೆ ಜಾಸ್ತಿ. ಸಿದ್ಧ ಸೋಲ್‌ಗಳು ಆಗ್ರಾ, ಬಹಾದ್ದೂರ್‌ಗಢದ ಕಡೆಯಿಂದ ಬರುತ್ತವೆ. ಅದನ್ನೇ ಹಿಡಿದೆವು.

ಮೇಲ್ಭಾಗಕ್ಕೆ ಊರಿನ ತೊಗಲನ್ನೇ ಹಾಕಬೇಕು ಎಂಬುದು ಹುಡುಗನ ಆಸೆ. ನಾನು ಬೇಡ ಅಂದೆ. ನಮ್ಮ ಚಪ್ಪಲಿಯ ತೊಗಲು ಜಾಲಿ ತೊಗಟೆ, ಅಳಲೆಕಾಯಿ ಹಾಕಿ ಹದ ಮಾಡಿದ್ದು. ಬಿಸಿಲಿನ ಊರಿಗೆ ಅದಕ್ಕಿಂತ ಒಳ್ಳೆಯದಿಲ್ಲ. ಆದರೆ ಬಿರುಸು, ನೀರು ತಾಗಿದರೆ ಹಾಳು. ಉಜ್ಜುವ ಜಾಗಕ್ಕೆ ಸ್ವೇಡ್, ಅಂದರೆ ಮೈ ಉಜ್ಜಿ ಮಖಮಲ್ಲಿನ ಹಾಗೆ ಮಾಡಿದ ತೊಗಲು ಬೇಕು, ಮೃದುವಾಗಿ ಬಗ್ಗಬೇಕು, ಉಜ್ಜಿದರೂ ತಡೆಯಬೇಕು. ಅದನ್ನು ಆಂಬೂರಿನ ಹಳೆಯ ಪರಿಚಯದಿಂದ ತರಿಸಿದೆ. ಅತ್ತೆ ಹೇಳಿದ ಹಾಗೆ ಬೆರಳಿನ ಭಾಗವನ್ನು ಒಂದೇ ತುಂಡಿನಲ್ಲಿ ಕತ್ತರಿಸಿದೆ. ಹೊಲಿಗೆಯನ್ನು ಹಿಂದಕ್ಕೆ, ಹಲಗೆ ಮುಟ್ಟದ ಜಾಗಕ್ಕೆ ಸರಿಸಿದೆ. ಒಳಗಡೆ ತೆಳು ರಬ್ಬರಿನ ಹಾಳೆ ಅಂಟಿಸಿದೆ. ಹೊರಗಿನ ಸ್ವೇಡ್ ಸವೆದರೂ ಒಳಗಿನ ರಬ್ಬರ್ ಇನ್ನಷ್ಟು ದಿನ ಎಳೆಯಲಿ ಅಂತ.

ಲೇಸಿನ ಸಮಸ್ಯೆ ಬಿಡಿಸಿದ್ದು ನಮ್ಮ ಚಪ್ಪಲಿ. ಕೊಲ್ಹಾಪುರಿ ಚಪ್ಪಲಿಯ ಪಕ್ಕಕ್ಕೆ ಕಿವಿಯ ಹಾಗೆ ಚಾಚಿದ ತೆಳು ತೊಗಲಿನ ರೆಕ್ಕೆ ಇರುತ್ತದೆ. ಕಾನ ಅನ್ನುತ್ತೇವೆ. ಹುಡುಗ ಒಂದು ಹಳೆಯ ಚಪ್ಪಲಿಯ ಕಾನವನ್ನು ಬಗ್ಗಿಸಿ ಶೂವಿನ ಲೇಸಿನ ಮೇಲೆ ಇಟ್ಟ. ಕೆಳಗಿನ ಎರಡು ತೂತುಗಳು ಪೂರ್ತಿ ಮುಚ್ಚಿದವು. ಮಾವ ಎದ್ದು ಹೋಗಿ ಮೇಕೆ ತೊಗಲಿನ ತುಂಡು, ತೊಗಲು ಕೊಯ್ಯುವ ರಂಪಿಗೆ ತಂದರು. ಅರ್ಧ ಗಂಟೆಯಲ್ಲಿ ಮೊದಲ ಕಾನ ತಯಾರು. ಅದು ಸವೆಯುತ್ತದೆ, ಸವೆಯಲೆಂದೇ ಇದೆ. ಬಿಚ್ಚಿ ಬೇರೆ ಹಾಕಿಕೊಳ್ಳಬಹುದು. ಊರಿನ ತೊಗಲಿಗೆ ಆ ಶೂವಿನಲ್ಲಿ ಸರಿಯಾದ ಜಾಗ ಸಿಕ್ಕಿತ್ತು. ಅವತ್ತು ನನಗಾದ ಸಂತೋಷ ಹೇಳತೀರದು.

ತುಂಡು ಕತ್ತರಿಸುವ ಉಕ್ಕಿನ ಡೈ ಉದ್ಯಮಬಾಗ ಕೈಗಾರಿಕಾ ಪ್ರದೇಶದ ಒಂದು ವರ್ಕ್‌ಶಾಪಿನಲ್ಲಿ ಮಾಡಿಸಿದೆವು. ಪಂಪು, ಗೇರು ಮಾಡುವವರ ಕೈಗೆ ಶೂವಿನ ಡೈ ಏನು ದೊಡ್ಡದಲ್ಲ.

ಮೊದಲ 24 ಜೋಡಿ ಸೋತವು. 2024ರ ಜುಲೈನಲ್ಲಿ ಅಂಟಿಸಿದ್ದೆವು, ಆಗಸ್ಟ್‌ಗೆ ಒಂಬತ್ತು ಜೋಡಿಯ ಸೋಲ್ ಮುಂಭಾಗದಲ್ಲಿ ಬಾಯಿ ಬಿಟ್ಟಿತು. ತಪ್ಪು ನನ್ನದೇ. ರಬ್ಬರಿನ ಸೋಲ್‌ಗೆ ಅಂಟು ಹಚ್ಚುವ ಮೊದಲು ಉಜ್ಜಿ ಗರಗರ ಮಾಡಬೇಕು, ಪ್ರೈಮರ್ ಹಚ್ಚಬೇಕು, ಒಣಗಲು ಬಿಡಬೇಕು, ಕಾಯಿಸಿ ಒತ್ತಬೇಕು. ಕಾರ್ಖಾನೆಯಲ್ಲಿ ಇದಕ್ಕೆಲ್ಲ ಯಂತ್ರ ಇರುತ್ತದೆ. ನಾನು ಬೆಳಗಾವಿಯ ಆ ಮಳೆಗಾಲದ ತೇವದಲ್ಲಿ ಅವಸರ ಮಾಡಿದೆ. ಹುಡುಗ ಒಂಬತ್ತೂ ಜನಕ್ಕೆ ದುಡ್ಡು ವಾಪಸ್ ಕೊಟ್ಟ, ಶೂ ಮಾತ್ರ ಕೇಳಿ ತಂದ. ಹೇಗೆ ಬಿಟ್ಟಿದೆ ಎಂದು ನೋಡಬೇಕಿತ್ತು ಅವನಿಗೆ.

ಕಪ್ ಸೋಲಿನ ಅಂಚಿನಲ್ಲಿ ಸುತ್ತ ಒಂದು ಕಾಲುವೆ ಇರುತ್ತದೆ, ಹೊಲಿಗೆಗೆಂದೇ. ಆ ಹೊಲಿಗೆಯ ಯಂತ್ರ ನಮ್ಮಲ್ಲಿ ಇರಲಿಲ್ಲವಾದ್ದರಿಂದ ಬರೀ ಅಂಟಿನ ಮೇಲೆ ನಂಬಿದ್ದೆವು. ಮಾವ ಅದನ್ನು ನೋಡಿ, "ಇದನ್ನ ಹೊಲಿಯಾಕ ಮಷಿನ್ ಯಾಕೋ? ಆರಿ ತಾ" ಎಂದರು. ಮೇಣ ಹಚ್ಚಿದ ನೈಲಾನ್ ದಾರದಲ್ಲಿ, ಆರಿಯಿಂದ ಚುಚ್ಚಿ, ದಾರ ಕಾಲುವೆಯೊಳಗೆ ಮುಳುಗುವಂತೆ ಹೊಲಿದರು. ಒಂದು ಜೋಡಿಗೆ ಒಂದೂವರೆ ಗಂಟೆ. ಅವತ್ತಿನಿಂದ ಇಂದಿನವರೆಗೆ ಸೋಲ್ ಬಿಟ್ಟಿತು ಎಂದು ಒಬ್ಬರೂ ಬಂದಿಲ್ಲ.

ಇನ್ನೊಂದು ಪೆಟ್ಟು ಹೊರಗಿನಿಂದ ಬಿತ್ತು. ಒಬ್ಬ ವ್ಯಾಪಾರಿ ಮಾದರಿಗೆ ಕಳಿಸಿದ ಸೋಲೇ ಬೇರೆ, ಆರ್ಡರ್‌ಗೆ ಕಳಿಸಿದ್ದೇ ಬೇರೆ. 8 ಎಂದು ಬರೆದಿತ್ತು, ಅಳೆದರೆ ಚಿಕ್ಕದು. ಲಾಸ್ಟ್, ಅಂದರೆ ಶೂ ಕಟ್ಟುವ ಕಾಲಿನಾಕಾರದ ಅಚ್ಚು, ಅದಕ್ಕೂ ಸೋಲ್‌ಗೂ ಎರಡು ಮಿಲಿಮೀಟರ್ ವ್ಯತ್ಯಾಸ ಬಂದರೂ ಶೂ ಕೂರುವುದಿಲ್ಲ. ದುಡ್ಡು ವಾಪಸ್ ಬರಲಿಲ್ಲ. ಈಗ ಹಣ ಕೊಡುವ ಮೊದಲು ಪ್ರತಿ ಸೈಜಿನ ಒಂದೊಂದು ಸೋಲ್ ತರಿಸಿ ಅಳೆಯುತ್ತೇವೆ.

ಇದರ ನಡುವೆ ಮನೆಯ ಜಗಳ. ಹುಡುಗನ ಅಪ್ಪ ಒಂದು ದಿನ ನನ್ನೆದುರೇ ಹೇಳಿದರು, "ಇಷ್ಟ ಓದಿ ಚಪ್ಪಲಿ ಹೊಲೀತಿ ಏನು?" ನನಗೆ ಎದೆಗೆ ನಾಟಿತು. ಸಾವಿರಾರು ರೂಪಾಯಿ ಕೊಟ್ಟು ಹೊರದೇಶದ ಶೂ ಹಾಕಿಕೊಳ್ಳುವುದು ದೊಡ್ಡಸ್ತಿಕೆ, ಅದನ್ನು ಹೊಲಿಯುವುದು ಕೀಳು. ಬಸವಣ್ಣನವರ ನಾಡಿನಲ್ಲಿ, ಹರಳಯ್ಯನವರ ಕಥೆ ಕೇಳಿ ಬೆಳೆದ ನಾಡಿನಲ್ಲಿ ಇವತ್ತಿಗೂ ಹೀಗೆ. ಹುಡುಗ ಅಪ್ಪನಿಗೆ ಎದುರು ಮಾತಾಡಲಿಲ್ಲ. ಅಥಣಿಗೆ ಕರೆದುಕೊಂಡು ಹೋದ. ಅಪ್ಪ, ಮಾವ ಇಬ್ಬರೂ ನೂಲು, ದಾರ, ಗಂಟು ಅಂತ ಮಾತಿಗೆ ಕೂತರು. ನೇಯುವವನಿಗೆ ಹೊಲಿಯುವವನ ಕೈ ಗೊತ್ತಾಗದೆ ಇರುತ್ತದೆಯೇ. ಊಟ ಅತ್ತೆಯವರ ಮನೆಯಲ್ಲೇ ಆಯಿತು. ನಮ್ಮ ಕೇರಿಯಲ್ಲಿ ಅದು ಸಣ್ಣ ಸಂಗತಿಯಲ್ಲ.

ಬಟ್ಟೆಯನ್ನೂ ಅವನು ಬಿಡಲಿಲ್ಲ. ಆದರೆ ಈ ಸಲ ಹರಿದ ಪ್ಯಾಂಟುಗಳಿಂದ ಶುರು ಮಾಡಿದ. ಅಮೆರಿಕದ ಸ್ಕೇಟರ್‌ಗಳು ಡಿಕೀಸ್‌ನಂಥ ಕಂಪನಿಗಳ ಕೆಲಸಗಾರರ ಪ್ಯಾಂಟು ಹಾಕಿದ್ದು ಬಾಳಿಕೆಗೆ. ನಮ್ಮಲ್ಲಿ ಅಂಥ ಬಟ್ಟೆ ಯಾವುದು? ಡ್ರೈವರ್, ಪೊಲೀಸರ ಖಾಕಿ ಡ್ರಿಲ್. ಶಹಾಪುರದಲ್ಲಿ ಯೂನಿಫಾರ್ಮ್ ಹೊಲಿಯುವ ದರ್ಜಿಯೊಬ್ಬರ ಹತ್ತಿರ ಸಡಿಲ ಪ್ಯಾಂಟು ಹೊಲಿಸಿದ. ಮೊಣಕಾಲಿಗೆ ಎರಡು ಪದರ. ಜೇಬಿನ ಒಳಗೆ, ಸೊಂಟದ ಪಟ್ಟಿಯ ಒಳಗೆ ಗುಳೇದಗುಡ್ಡದ ಖಣ. ಮೊದಲು ಅವನು ಖಣವನ್ನು ಶೂವಿನ ಹೊರಗೆ ಹಾಕಿ ನೋಡಿದ್ದ. ಚೆಂದ ಕಂಡಿತು, ಎರಡೇ ದಿನಕ್ಕೆ ಹಲಗೆ ಅದನ್ನು ನುಂಗಿತು. ಒಳಗೆ ಹಾಕಿದರೆ ಉಳಿಯುತ್ತದೆ. ಈಗ ಶೂವಿನ ನಾಲಿಗೆಯ ಒಳಮೈಗೂ ಖಣವಿದೆ, ಲೇಸು ಬಿಚ್ಚಿದಾಗ ಮಾತ್ರ ಕಾಣುತ್ತದೆ. ನೇಕಾರರಿಗೆ ಅವರು ಹೇಳಿದ ಬೆಲೆ ಕೊಟ್ಟೇ ತರುತ್ತಾನೆ.

ಹೆಸರಿನ ವಿಷಯ ಬಂತು. 2019ರಲ್ಲಿ ಕೊಲ್ಹಾಪುರಿ ಚಪ್ಪಲಿಗೆ ಭೌಗೋಳಿಕ ಗುರುತು (ಜಿಐ), ಅಂದರೆ ಇದು ಇಂಥ ಊರುಗಳ ಕಸುಬು ಎಂಬ ಸರ್ಕಾರಿ ಮುದ್ರೆ ಸಿಕ್ಕಿತು. ಮಹಾರಾಷ್ಟ್ರದ ನಾಲ್ಕು ಜಿಲ್ಲೆ, ಕರ್ನಾಟಕದ ಬೆಳಗಾವಿ, ಬಾಗಲಕೋಟೆ, ವಿಜಯಪುರ, ಧಾರವಾಡ, ಎಂಟೂ ಸೇರಿ. ಊರಿನ ಹೆಸರು ಕೊಲ್ಹಾಪುರದ್ದು, ಕೈಗಳು ನಮ್ಮವೂ ಇವೆ. 2025ರ ಜೂನ್‌ನಲ್ಲಿ ಇಟಲಿಯ ಪ್ರಾಡಾ ಕಂಪನಿ ಮಿಲಾನ್‌ನ ಷೋದಲ್ಲಿ ಅಂಥದ್ದೇ ಚಪ್ಪಲಿ ತೋರಿಸಿತು. ಎಲ್ಲಿಯದು ಎಂದು ಹೇಳಿರಲಿಲ್ಲ. ಇಲ್ಲಿ ಜನ ಎದ್ದು ಕೇಳಿದ ಮೇಲೆ ಭಾರತದ ಕರಕುಶಲತೆಯಿಂದ ಬಂದದ್ದು ಎಂದು ಒಪ್ಪಿಕೊಂಡಿತು. ಆ ವಾರ ಹುಡುಗ ಬಂದು ಕೇಳಿದ, "ಕಾಕಾ, ನಾನೂ ಹಂಗ ಮಾಡಾಕತ್ತೀನೇನ್ರಿ?" ಪ್ರಶ್ನೆ ಸಣ್ಣದಲ್ಲ. ಕಾನ ಅವನ ಕಲ್ಪನೆ, ಆದರೆ ಕಾನ ಅವನದಲ್ಲ. ಕೂತು ಮಾತಾಡಿದೆವು. ಈಗ ಪ್ರತಿ ಶೂವಿನ ಒಳಗೆ ಹೊಲಿದವರ ಹೆಸರಿನ ಮೊದಲ ಅಕ್ಷರ ಇರುತ್ತದೆ. ಹೊಲಿಗೆಯ ಕೂಲಿ ಬೇರೆ. ಅದರ ಮೇಲೆ ಪ್ರತಿ ಜೋಡಿಯ ಲಾಭದಲ್ಲಿ ಕಾಲು ಪಾಲು ಅಥಣಿಯ ಮನೆಗೆ. ಕಾಗದದ ಮೇಲೆ ಬರೆದು ಸಹಿ ಹಾಕಿದ್ದೇವೆ.

ಬೆಲೆ 2,450 ರೂಪಾಯಿ, ತೆರಿಗೆ ಬೇರೆ. ಅಂಕಿ ಸುಮ್ನೆ ಬಂದದ್ದಲ್ಲ. 1,000 ರೂಪಾಯಿ ದಾಟಿದ ಜೋಡಿಗೆ ಮೊದಲು 18% ಜಿಎಸ್‌ಟಿ ಇತ್ತು. 2025ರ ಸೆಪ್ಟೆಂಬರ್ 22ರಿಂದ 2,500ರವರೆಗಿನ ಜೋಡಿಗೆ 5% ಆಯಿತು. ಕೈಹೊಲಿಗೆಯ ಶೂವಿಗೆ ಇದು ದೊಡ್ಡ ಉಸಿರು. ಆದರೂ ಲಾಭ ತೆಳ್ಳಗೆ. ತಿಂಗಳಿಗೆ ಮಾವ, ಅತ್ತೆ, ಇನ್ನಿಬ್ಬರು ಸೇರಿ ಹೊಲಿಯುವುದು 40 ಜೋಡಿ. ಅದಕ್ಕಿಂತ ಹೆಚ್ಚು ಆರ್ಡರ್ ತೆಗೆದುಕೊಳ್ಳಬಾರದು ಎಂಬುದು ನನ್ನ ಹಟ. ಹುಡುಗನಿಗೆ ಇದು ಪೂರ್ತಿ ಒಪ್ಪಿಗೆಯಿಲ್ಲ, ಅವನಿಗೆ ಯಂತ್ರ ತರುವ ಆಸೆ. ಈ ವಾದ ಇನ್ನೂ ನಡೆದಿದೆ.

ಅವನ ಒಂದು ತೀರ್ಮಾನಕ್ಕೆ ಮಾತ್ರ ನಾನು ಪೂರ್ತಿ ಸೋತಿದ್ದೇನೆ. ಬಿಡಿ ಶೂ ಮಾರುವುದು. ಹಿಂದೆ ವ್ಯಾನ್ಸ್‌ನವರು ಸ್ಕೇಟರ್‌ಗಳಿಗೆ ಒಂದೇ ಕಾಲಿನ ಶೂ ಕೊಡುತ್ತಿದ್ದರಂತೆ. ಒಂದು ಕಾಲಿನದು ಬೇಗ ಹರಿಯುವಾಗ ಜೋಡಿ ಯಾಕೆ ಕೊಳ್ಳಬೇಕು? ದೊಡ್ಡ ಕಾರ್ಖಾನೆಗೆ ಈಗ ಅದು ತಲೆನೋವು. ಕೈಯಲ್ಲಿ ಹೊಲಿಯುವವರಿಗೆ ಒಂದು ಹೊಲಿದರೂ ಅಷ್ಟೇ, ಎರಡು ಹೊಲಿದರೂ ಅಷ್ಟೇ. ಮುಂಗಾಲು ಯಾವುದು ಎಂದು ಕೇಳಿ ಅದೊಂದನ್ನೇ ಕಳಿಸುತ್ತಾನೆ, 1,300 ರೂಪಾಯಿಗೆ. ಹರಿದದ್ದನ್ನು ವಾಪಸ್ ಕಳಿಸಿದರೆ 150 ಕಡಿಮೆ. ಯಾಕೆಂದರೆ ಅವನಿಗೆ ಹರಿದ ಶೂ ಬೇಕು. ಕೋಣೆಯ ಗೋಡೆಗೆ ಮೊಳೆ ಹೊಡೆದು ನೇತುಹಾಕಿದ್ದಾನೆ. ಪ್ರತಿಯೊಂದರ ಕೆಳಗೆ ಚೀಟಿ: ಎಷ್ಟು ವಾರ, ಎಲ್ಲಿ ಮೊದಲು ಹೋಯಿತು, ಗಚ್ಚಿನ ನೆಲವೋ ಡಾಂಬರೋ.

ಕಳೆದ ತಿಂಗಳು ಬಂದ ಹರಿದ ಶೂಗಳಲ್ಲಿ ಮೂರು ಒಂದೇ ತರಹ ಹರಿದಿದ್ದವು. ಕಿರುಬೆರಳಿನ ಹತ್ತಿರ ಅಲ್ಲ, ಹಿಮ್ಮಡಿಯ ಒಳಗೆ. ಮೂರನ್ನೂ ಕಳಿಸಿದ್ದು ಹುಡುಗಿಯರು. ನಮ್ಮಲ್ಲಿ ಚಿಕ್ಕ ಸೈಜು ಅಂದರೆ 6. ಅವರಿಗೆ ಅದು ದೊಡ್ಡದು, ದಪ್ಪ ಕಾಲುಚೀಲ ಹಾಕಿ ಆಡುತ್ತಿದ್ದಾರೆ. ಹಿಮ್ಮಡಿ ಒಳಗೆ ಜಾರಿ ಉಜ್ಜುತ್ತಿದೆ. 4 ಮತ್ತು 5ರ ಲಾಸ್ಟ್ ಬೇಕು, ಡೈ ಬೇಕು, ಆ ಸೈಜಿನ ಸೋಲ್ ಬೇಕು. ಖರ್ಚು ಕೂಡಿಸಿದರೆ ನಾಲ್ಕು ತಿಂಗಳ ಲಾಭ ಅಲ್ಲಿಗೇ. ಹುಡುಗ ಲಾಸ್ಟ್‌ಗೆ ಮುಂಗಡ ಕೊಟ್ಟು ಬಂದಿದ್ದಾನೆ. ಅತ್ತೆ 5ರ ಒಂದು ಮಾದರಿ ಹೊಲಿದು ಬಸ್ಸಿನಲ್ಲಿ ಕಳಿಸಿದ್ದಾರೆ, ಬರೀ ಎಡಗಾಲಿನದು. ಶನಿವಾರ ಮಳೆ ಬಿಟ್ಟರೆ ಅವರಲ್ಲೊಬ್ಬಳು ಬಂದು ಹಾಕಿಕೊಂಡು ಆಡಿ ನೋಡುತ್ತಾಳೆ.